ಮಗುವಿಗೆ ನೀರು ಎರೆಯಿರಿ, ತಿಕ್ಕಬೇಡಿ

ಈ ಸಲ ಬಂದ ಪತ್ರಗಳಲ್ಲಿ ಬಹುಪಾಲು ಎಳೆಮಕ್ಕಳ ಸ್ನಾನದ ಬಗ್ಗೆಯೇ ಇವೆ. ಹನುಮಂತನಗರದ ನನ್ನ ಕ್ಲಿನಿಕ್ಕಿನಲ್ಲೂ ಅಷ್ಟೇ. ಆರು ತಿಂಗಳೊಳಗಿನ ಮಗುವನ್ನು ಕರೆತಂದವರು ಲಸಿಕೆ ಹಾಕಿಸಿಕೊಂಡು ಎದ್ದು ಹೊರಡುವಾಗ, ಬಾಗಿಲ ಹತ್ತಿರ ನಿಂತು "ಡಾಕ್ಟ್ರೇ, ಇದೊಂದು ನೋಡಿ" ಅಂತ ಮಗುವಿನ ಕತ್ತು ಎತ್ತಿ ತೋರಿಸುತ್ತಾರೆ. ಹಾಗಾಗಿ ಬೇರೆ ಪ್ರಶ್ನೆಗಳನ್ನು ಮುಂದಿನ ಸಂಚಿಕೆಗೆ ಉಳಿಸಿಕೊಂಡಿದ್ದೇನೆ.

ಪ್ರಶ್ನೆ: ನನ್ನ ಮಗಳಿಗೆ ಈಗ ಎರಡೂವರೆ ತಿಂಗಳು. ನಮ್ಮದು ಅಪಾರ್ಟ್‌ಮೆಂಟ್. ಬೋರ್‌ವೆಲ್ ನೀರು, ಸಾಲದಿದ್ದಾಗ ಟ್ಯಾಂಕರ್. ನಮ್ಮತ್ತೆ ದಿನಾ ಎಣ್ಣೆ ಹಚ್ಚಿ, ಕಡಲೆಹಿಟ್ಟಿಗೆ ಹಾಲಿನ ಕೆನೆ ಕಲಸಿ ಮೈಯೆಲ್ಲಾ ತಿಕ್ಕಿ, ಆಮೇಲೆ ಬೇಬಿ ಸೋಪು ಹಾಕಿ ಎರೆಯುತ್ತಾರೆ. ಹದಿನೈದು ದಿನದಿಂದ ಕೆನ್ನೆ ಕೆಂಪಗಾಗಿ ತರಿತರಿ ಆಗಿದೆ. ಕತ್ತಿನ ಮಡಿಕೆಯಲ್ಲೂ ಕೆಂಪು. "ಉಷ್ಣ, ಇನ್ನೂ ಚೆನ್ನಾಗಿ ತಿಕ್ಕಬೇಕು" ಅಂತ ಅತ್ತೆ ಹೇಳ್ತಾರೆ. ನಮ್ಮನೆಯವರು ನೀರೇ ಸರಿಯಿಲ್ಲ, ಸಾಫ್ಟ್‌ನರ್ ಹಾಕಿಸೋಣ ಅಂತಾರೆ. ಯಾರ ಮಾತು ಕೇಳಲಿ?
— ಒಬ್ಬ ತಾಯಿ, ಹೊರಮಾವು

ಉತ್ತರ: ಇಬ್ಬರ ಮಾತಿನಲ್ಲೂ ಸ್ವಲ್ಪ ಸ್ವಲ್ಪ ಸತ್ಯ ಇದೆ. ಆದರೆ ಈಗ ತುರ್ತಾಗಿ ನಿಲ್ಲಬೇಕಾದ್ದು ತಿಕ್ಕುವುದು. ಇವತ್ತಿನಿಂದಲೇ ನಿಲ್ಲಿಸಿ.

ಯಾಕೆ ಅಂತ ಹೇಳುತ್ತೇನೆ. ಮಗುವಿನ ಚರ್ಮದ ಹೊರಪದರ ನಮ್ಮದಕ್ಕಿಂತ ಸುಮಾರು ಮೂರನೇ ಒಂದು ಭಾಗದಷ್ಟು ತೆಳು. ಒಳಗಿನ ನೀರಿನಂಶ ಬೇಗ ಆರಿಹೋಗುತ್ತದೆ, ಹೊರಗಿನದು ಸುಲಭವಾಗಿ ಒಳಗಿಳಿಯುತ್ತದೆ. ಇನ್ನೊಂದು ವಿಷಯ ಇದೆ. ದೊಡ್ಡವರ ಚರ್ಮಕ್ಕೆ ಸ್ವಲ್ಪ ಹುಳಿ ಗುಣ ಇರುತ್ತದೆ, ಪಿಎಚ್ (ಹುಳಿಯ ಅಳತೆ, ಸಂಖ್ಯೆ ಇಳಿದಷ್ಟೂ ಹುಳಿ ಹೆಚ್ಚು) ಸುಮಾರು 5.5 ಅಥವಾ ಅದಕ್ಕಿಂತ ಕಡಿಮೆ. ಕೀಟಾಣುಗಳನ್ನು ತಡೆಯುವುದಕ್ಕೂ, ಚರ್ಮದ ಸಹಜ ಜಿಡ್ಡನ್ನು ಉಳಿಸಿಕೊಳ್ಳುವುದಕ್ಕೂ ಈ ಹುಳಿ ಬೇಕು. ಹುಟ್ಟಿದ ಮಗುವಿಗೆ ಅದು ಇರುವುದಿಲ್ಲ. ಮೊದಲ ಕೆಲವು ವಾರಗಳಲ್ಲಿ ನಿಧಾನವಾಗಿ ಬರುತ್ತದೆ. ಮಾಮೂಲಿ ಸೋಪಿನ ಪಿಎಚ್ 9ರಿಂದ 10. ದಿನಾ ಸೋಪು ಹಾಕಿದರೆ ಆ ಹುಳಿಯೂ ಇಲ್ಲ, ಜಿಡ್ಡೂ ಇಲ್ಲ. ಪೊಟ್ಟಣದ ಮೇಲೆ ಮಗುವಿನ ಚಿತ್ರ ಇದ್ದ ಮಾತ್ರಕ್ಕೆ ಒಳಗಿನ ಸೋಪು ಬೇರೆಯಾಗುವುದಿಲ್ಲ. ಪಿಎಚ್ 5.5 ಅಂತ ಬರೆದಿದೆಯಾ, ಸುವಾಸನೆ ಬೆರೆಸಿಲ್ಲ ಅಂತ ಇದೆಯಾ, ಅದನ್ನು ಓದಿ ಕೊಳ್ಳಿ.

ಇನ್ನು ಕಡಲೆಹಿಟ್ಟು. ಒಂದು ಚಿಟಿಕೆ ಹಿಟ್ಟನ್ನು ನಿಮ್ಮ ಮುಂಗೈ ಒಳಭಾಗಕ್ಕೆ ಹಾಕಿ ಒಣಗಲು ಬಿಟ್ಟು ತಿಕ್ಕಿ ನೋಡಿ. ಕೈಗೆ ತರಿ ಸಿಗುತ್ತದೆ. ಕಾಳು ಬೀಸಿದ ಪುಡಿ ಅದು, ಎಷ್ಟು ಜರಡಿ ಹಿಡಿದರೂ ನಯವಾಗುವುದಿಲ್ಲ. ಮಗುವಿನ ಕತ್ತಿನಲ್ಲಿ ಎರಡು ಮೂರು ಮಡಿಕೆ ಇರುತ್ತವೆ. ಆ ಸಂದಿಯಲ್ಲಿ ಹಿಟ್ಟು, ಕೆನೆ, ಹಾಲು ಕುಡಿದಾಗ ಸೋರಿದ ಹನಿ, ಬೆವರು ಎಲ್ಲಾ ಸೇರಿ ಬಿಳಿ ಗೀರಿನ ಹಾಗೆ ಕೂತಿರುತ್ತದೆ. ನಾನು ಹತ್ತಿಯನ್ನು ಉಗುರುಬೆಚ್ಚಗಿನ ನೀರಿನಲ್ಲಿ ಅದ್ದಿ ಒರೆಸಿದರೆ ಹುಳಿ ವಾಸನೆಯ ಮುದ್ದೆ ಬರುತ್ತದೆ. ಕೆಳಗೆ ಚರ್ಮ ಹಸಿ ಹಸಿ, ಕೆಂಪು. ನಿಮ್ಮ ಮಗಳ ಕತ್ತಿನ ಕೆಂಪು ಇದೇ ಇರಬೇಕು. ಬೆವರೂ ಕಾರಣ ಅನ್ನುವ ಮಟ್ಟಿಗೆ ನಿಮ್ಮತ್ತೆಯವರು ಹೇಳಿದ್ದು ಸರಿ. ತಿಕ್ಕಿದರೆ ಮಾತ್ರ ಅದು ಹೆಚ್ಚುತ್ತದೆ.

ಕೆನ್ನೆಯ ಒರಟುತನ ಬೇರೆ. ಈ ವಯಸ್ಸಿನಲ್ಲಿ ಕೆನ್ನೆ, ಕೈಕಾಲಿನ ಹೊರಭಾಗದಲ್ಲಿ ಒಣಗಿ, ಕೆಂಪಗೆ ತರಿಯಾಗುವುದು ಎಕ್ಸಿಮಾ ಅನ್ನುವ, ಚರ್ಮ ಒಣಗಿ ತುರಿಸುವ ಕಾಯಿಲೆಯ ಶುರುವೂ ಆಗಿರಬಹುದು. ಡೈಪರ್ ಕಟ್ಟುವ ಜಾಗ ಸಾಮಾನ್ಯವಾಗಿ ಚೆನ್ನಾಗಿಯೇ ಇರುತ್ತದೆ. ಮನೆಯಲ್ಲಿ ಯಾರಿಗಾದರೂ ಅಸ್ತಮಾ, ಅಲರ್ಜಿ ಇದ್ದರೆ ಅನುಮಾನ ಇನ್ನೂ ಜಾಸ್ತಿ. ಹೀಗೆ ಬಿರಿದ ಚರ್ಮಕ್ಕೆ ತಿನ್ನುವ ಪದಾರ್ಥ ಹಚ್ಚುವುದು ನನಗೆ ಬಹಳ ಆತಂಕ ಕೊಡುತ್ತದೆ. ಬಾಯಿಂದ ಹೊಟ್ಟೆಗೆ ಹೋದ ಆಹಾರವನ್ನು ದೇಹ ನಮ್ಮದು ಅಂತ ಒಪ್ಪಿಕೊಳ್ಳುತ್ತದೆ. ಒಡೆದ ಚರ್ಮದ ಮೂಲಕ ಹೋದದ್ದನ್ನು ಶತ್ರು ಅಂತ ಗುರುತಿಟ್ಟುಕೊಳ್ಳಬಹುದು. ಜಪಾನಿನಲ್ಲಿ ಗೋಧಿಯ ಪ್ರೋಟೀನ್ ಬೆರೆಸಿದ ಒಂದು ಮುಖದ ಸೋಪು ಬಳಸಿದ 2000ಕ್ಕೂ ಹೆಚ್ಚು ಜನರಿಗೆ ಗೋಧಿ ಅಲರ್ಜಿ ಶುರುವಾಗಿತ್ತು. ಅವರೆಲ್ಲ ಅದುವರೆಗೆ ಗೋಧಿ ತಿಂದುಕೊಂಡು ಚೆನ್ನಾಗಿದ್ದವರೇ. ಹಾಲು, ಕೆನೆ, ಕಡಲೆ, ಹೆಸರು, ಬಾದಾಮಿ ಪೇಸ್ಟ್ ಎಲ್ಲಾ ಮುಂದೆ ಮಗಳು ತಿನ್ನಲಿ. ಮೈಗೆ ಬೇಡ.

"ತಿಕ್ಕದಿದ್ದರೆ ಮೈಮೇಲಿನ ಕೂದಲು ಹೋಗಲ್ಲ, ಬಣ್ಣ ಬಿಡಲ್ಲ" ಅಂತ ನಿಮ್ಮತ್ತೆಯವರು ಕೇಳಬಹುದು. ಆ ನವಿರು ಕೂದಲು ಹುಟ್ಟುವಾಗಲೇ ಬಂದದ್ದು, ಕೆಲವು ವಾರಗಳಲ್ಲಿ ತಾನೇ ಉದುರುತ್ತದೆ. ಬಣ್ಣ ಅಪ್ಪ ಅಮ್ಮನಿಂದ ಬಂದದ್ದು, ಹಿಟ್ಟಿನಿಂದ ಬದಲಾಗುವುದಿಲ್ಲ. ಬದಲಾಗಬೇಕಾದ ಅಗತ್ಯವೂ ಇಲ್ಲ.

ನೀರಿನ ಮಾತಿಗೆ ಬರೋಣ. ನಿಮ್ಮ ನಲ್ಲಿಯ ತುದಿಯಲ್ಲಿ ಬಿಳಿ ಹಕ್ಕಳೆ ಕಟ್ಟಿದೆಯಾ? ಸೋಪು ಎಷ್ಟು ತಿಕ್ಕಿದರೂ ನೊರೆ ಬರಲ್ವಾ? ಹಾಗಿದ್ದರೆ ಅದು ಗಡಸು ನೀರು. ಕುಡಿಯುವ ನೀರಿನಲ್ಲಿ ಗಡಸುತನ ಲೀಟರಿಗೆ 200 ಮಿಲಿಗ್ರಾಂ ಒಳಗಿರಬೇಕು, ಬೇರೆ ನೀರೇ ಸಿಗದ ಕಡೆ 600ರವರೆಗೆ ಒಪ್ಪಬಹುದು ಅನ್ನುತ್ತದೆ ಭಾರತೀಯ ಮಾನಕ. ಗಡಸು ನೀರಿನಲ್ಲಿರುವ ಕ್ಯಾಲ್ಸಿಯಂ ಸೋಪಿನ ಜೊತೆ ಸೇರಿ ಅಂಟು ಪದರವಾಗುತ್ತದೆ. ನೀರು ಹೊಯ್ದರೂ ಅದು ಮೈಯಿಂದ ಬಿಡುವುದಿಲ್ಲ. ಗಡಸು ನೀರಿನ ಊರುಗಳಲ್ಲಿ ಮಕ್ಕಳ ಎಕ್ಸಿಮಾ ಹೆಚ್ಚು ಕಂಡಿದೆ ಅನ್ನುವುದೂ ನಿಜ. ಆದರೆ ಗಡಸು ಇಳಿಸುವ ಸಾಫ್ಟ್‌ನರ್ ಯಂತ್ರ ಹಾಕಿಸಿದರೆ ವಾಸಿಯಾಗುತ್ತದಾ? ಇಂಗ್ಲೆಂಡಿನಲ್ಲಿ ಎಕ್ಸಿಮಾ ಇದ್ದ 336 ಮಕ್ಕಳ ಮೇಲೆ ಇದನ್ನೇ ಪರೀಕ್ಷಿಸಿದರು. 2011ರಲ್ಲಿ ಫಲಿತಾಂಶ ಬಂತು. ಮನೆಗೆ ಸಾಫ್ಟ್‌ನರ್ ಹಾಕಿಸಿದ ಮಕ್ಕಳಿಗೂ ಹಾಕಿಸದ ಮಕ್ಕಳಿಗೂ ಗುಣವಾಗುವುದರಲ್ಲಿ ವ್ಯತ್ಯಾಸ ಕಾಣಲಿಲ್ಲ. ಹಾಗಾಗಿ ಮಗುವಿಗೋಸ್ಕರ ಅಂತ ಸಾವಿರಾರು ರೂಪಾಯಿ ಸುರಿಯಬೇಡಿ ಅಂತ ನಿಮ್ಮ ಯಜಮಾನರಿಗೆ ಹೇಳಿ. ಸೋಪು ಬಿಟ್ಟರೆ ಅಂಟು ಪದರವೂ ಇಲ್ಲ. ಬೆಂಗಳೂರಿನ ಹೊರವಲಯದ 110 ಹಳ್ಳಿಗಳಿಗೆಂದು ಕಾವೇರಿ ನೀರು ಯೋಜನೆಯ ಐದನೇ ಹಂತ 2024ರ ಅಕ್ಟೋಬರಿನಲ್ಲಿ ಶುರುವಾಯಿತಲ್ಲ, ನಿಮ್ಮ ಕಟ್ಟಡಕ್ಕೆ ಆ ಸಂಪರ್ಕ ಬಂದಿದ್ದರೆ ಮಗುವಿನ ಬಕೆಟ್ಟಿಗೆ ಅದೇ ನೀರು ಹಿಡಿಯಿರಿ. ಇಲ್ಲದಿದ್ದರೆ ಬೋರ್ ನೀರನ್ನೇ ಚೆನ್ನಾಗಿ ಕುದಿಸಿ, ಆರಿಸಿ, ತಳದ ಬಿಳಿ ಗಸಿ ಅಲ್ಲಾಡದ ಹಾಗೆ ತಿಳಿನೀರು ಬಗ್ಗಿಸಿಕೊಳ್ಳಿ. ಗಡಸು ಪೂರ್ತಿ ಹೋಗದಿದ್ದರೂ ಒಂದಷ್ಟು ಇಳಿಯುತ್ತದೆ. ಕೊನೆಯ ಎರಡು ಚೊಂಬನ್ನು ಕುಡಿಯುವ ಕ್ಯಾನ್ ನೀರಿನಲ್ಲಿ ಹೊಯ್ದರೂ ಆಯಿತು.

ಎರಡು ವಾರ ಹೀಗೆ ಮಾಡಿ ನೋಡಿ. ಬರೀ ಉಗುರುಬೆಚ್ಚಗಿನ ನೀರು, ಐದೇ ನಿಮಿಷ. ಕತ್ತನ್ನು ಹಿಂದಕ್ಕೆ ಸ್ವಲ್ಪ ಬಾಗಿಸಿ ಮಡಿಕೆ ಬಿಡಿಸಿ ಬೆರಳಿನಿಂದಲೇ ತೊಳೆಯಿರಿ. ಒರೆಸುವಾಗ ಉಜ್ಜಬೇಡಿ. ಹಳೇ ಕಾಟನ್ ಪಂಚೆಯನ್ನು ಒತ್ತಿ ಒತ್ತಿ ನೀರು ಹೀರಿಸಿ. ಕತ್ತು, ಕಂಕುಳು, ತೊಡೆಸಂದಿ ಪೂರ್ತಿ ಒಣಗಬೇಕು. ಉಳಿದ ಮೈ ಇನ್ನೂ ತೇವ ಇರುವಾಗಲೇ ಸುವಾಸನೆ ಇಲ್ಲದ ಕ್ರೀಮು ಅಥವಾ ಪೆಟ್ರೋಲಿಯಂ ಜೆಲ್ಲಿ ಕೆನ್ನೆಗೂ ಕೈಕಾಲಿಗೂ ಹಚ್ಚಿ. ಮಡಿಕೆಗಳಿಗೆ ಏನೂ ಬೇಡ, ಪೌಡರ್ ಅಂತೂ ಬೇಡವೇ ಬೇಡ. ಬೆವರಿಗೆ ಮುದ್ದೆ ಕಟ್ಟುತ್ತದೆ, ಉದುರಿಸುವಾಗ ಮಗುವಿನ ಉಸಿರಿಗೂ ಹೋಗುತ್ತದೆ.

ಒಂದು ಮಾತು ಒತ್ತಿ ಹೇಳಬೇಕು. ಮೆಡಿಕಲ್ ಶಾಪಿನಲ್ಲಿ ಕೆಂಪು ಗುಳ್ಳೆ ಅಂದ ಕೂಡಲೇ ಒಂದು ಟ್ಯೂಬ್ ಕೊಡುತ್ತಾರೆ. ಎಷ್ಟೋ ಸಲ ಅದರಲ್ಲಿ ಜೋರು ಸ್ಟೀರಾಯ್ಡ್, ಫಂಗಸ್ ಔಷಧಿ, ಆಂಟಿಬಯಾಟಿಕ್ ಮೂರೂ ಬೆರೆತಿರುತ್ತವೆ. ಎರಡು ದಿನದಲ್ಲಿ ಕೆಂಪು ಮಾಯ. ನಿಲ್ಲಿಸಿದ ಮೇಲೆ ಇನ್ನೂ ಜೋರಾಗಿ ವಾಪಸ್, ಜೊತೆಗೆ ಚರ್ಮ ಮತ್ತೂ ತೆಳು. ಸ್ಟೀರಾಯ್ಡ್ ಕೆಟ್ಟದ್ದಲ್ಲ, ನಾನೂ ಬರೆದುಕೊಡುತ್ತೇನೆ. ಯಾವುದು, ಎಷ್ಟು ದಿನ ಅನ್ನುವುದನ್ನು ಮಗುವನ್ನು ನೋಡಿಯೇ ಹೇಳಬೇಕು. ಎರಡು ವಾರಕ್ಕೂ ತಗ್ಗದಿದ್ದರೆ, ನೀರು ಒಸರಿದರೆ, ಹಳದಿ ಹಕ್ಕಳೆ ಅಥವಾ ಕೀವು ಕಂಡರೆ ಕಾಯದೆ ತೋರಿಸಿ. ಮೂರು ತಿಂಗಳೊಳಗಿನ ಮಗುವಿಗೆ ಜ್ವರ 38 ಡಿಗ್ರಿ ಸೆಲ್ಸಿಯಸ್, ಅಂದರೆ ಫ್ಯಾರನ್‌ಹೀಟ್ ಲೆಕ್ಕದಲ್ಲಿ 100.4 ಮುಟ್ಟಿದರೆ ಅಥವಾ ದಾಟಿದರೆ ರಾತ್ರಿಯಾದರೂ ಆಸ್ಪತ್ರೆಗೆ ಹೋಗಿ.

ಪ್ರಶ್ನೆ: ಡಾಕ್ಟ್ರಮ್ಮಾ, ನಾನು ಬಾಣಂತನ ಮಾಡುವವಳು. ಅಕ್ಕಪಕ್ಕದ ಮನೆ ಮಕ್ಕಳಿಗೂ ಎರೆದಿದ್ದೀನಿ. ಈಗಿನ ಹುಡುಗಿಯರು ಎಣ್ಣೆ ಬೇಡ, ಬಿಸಿನೀರು ಬೇಡ, ಕಾಲ ಮೇಲೆ ಮಲಗಿಸಬೇಡಿ ಅಂತಾರೆ. ನಮ್ಮದೆಲ್ಲಾ ತಪ್ಪೇನಮ್ಮಾ?
— ಒಬ್ಬ ಅಜ್ಜಿ, ಶ್ರೀನಗರ

ಉತ್ತರ: ಖಂಡಿತ ಅಲ್ಲ ಅಮ್ಮಾ. ನಿಮ್ಮ ಕೈ ಬೇಕು. ಅದನ್ನು ಬಿಡಿಸುವ ಡಾಕ್ಟರು ನಾನಲ್ಲ.

ನೀವು ಮಣೆ ಮೇಲೆ ಕೂತು, ಸೀರೆ ಮೊಣಕಾಲಿಗೆ ಎತ್ತಿಕಟ್ಟಿ, ಎರಡೂ ಕಾಲು ಜೋಡಿಸಿ ನೀಡಿ, ಮಗುವನ್ನು ಅದರ ಮೇಲೆ ಮಲಗಿಸಿಕೊಳ್ಳುತ್ತೀರಲ್ಲ, ಅದಕ್ಕಿಂತ ಭದ್ರವಾದ ಜಾಗ ಪ್ಲಾಸ್ಟಿಕ್ ಟಬ್ಬಿನಲ್ಲಿಲ್ಲ. ಮಗು ಜಾರುವುದಿಲ್ಲ. ನೀರು ಕಾಲ ಸಂದಿಯಿಂದ ಹರಿದುಹೋಗುತ್ತದೆ, ಕೊಳೆ ನೀರಿನಲ್ಲಿ ಕೂರುವುದಿಲ್ಲ. ಬೋರಲು ಮಲಗಿಸಿ ಬೆನ್ನಿಗೆ ಹೊಯ್ಯುವಾಗ ಮುಖ ಒಂದು ಪಕ್ಕಕ್ಕೆ ತಿರುಗಿ ಮೂಗು ಬಾಯಿಗೆ ಗಾಳಿ ಆಡುತ್ತಿರಬೇಕು, ಅದೊಂದನ್ನು ನೋಡಿಕೊಳ್ಳಿ. ಈಗಿನ ತಾಯಂದಿರಿಗೆ ಈ ಕೂರುವ ರೀತಿ ಕಲಿಸಿಕೊಡಿ.

ಎಣ್ಣೆಯೂ ಇರಲಿ. ಶುದ್ಧ ಕೊಬ್ಬರಿ ಎಣ್ಣೆ, ಅಂಗೈಯಲ್ಲಿ ಬೆಚ್ಚಗೆ ಮಾಡಿಕೊಂಡು ಹಗುರವಾಗಿ ಸವರಿ. ಅಪಾರ್ಟ್‌ಮೆಂಟಿನ ಗೆಳತಿ ಹೇಳಿದಳು ಅಂತ ಕೆಲವರು ಸಾಸಿವೆ ಎಣ್ಣೆ ತರುತ್ತಾರೆ. ಅದು ಎಳೇ ಚರ್ಮಕ್ಕೆ ಉರಿ. ದುಬಾರಿ ಆಲಿವ್ ಎಣ್ಣೆಯೂ ಚರ್ಮದ ಹೊರಪದರವನ್ನು ಸಡಿಲ ಮಾಡುತ್ತದೆ ಅಂತ ದೊಡ್ಡವರ ಮೇಲೆ ಮಾಡಿದ ಪರೀಕ್ಷೆಯಲ್ಲೇ ಕಂಡಿದೆ. ಬೆವರುಸಾಲೆ ಎದ್ದಿರುವ ದಿನ ಎಣ್ಣೆಗೆ ರಜ ಕೊಡಿ. ಎಣ್ಣೆ ಹಚ್ಚಿದ ಮೇಲೆ ಅದನ್ನು ಪೂರ್ತಿ ತೆಗೆಯಲೇಬೇಕು ಅಂತ ಸೀಗೆಪುಡಿ, ಹಿಟ್ಟು ಹಾಕುವುದೇ ತೊಂದರೆ. ಉಗುರುಬೆಚ್ಚಗಿನ ನೀರಿಗೆ ಎಷ್ಟು ಹೋಗುತ್ತೋ ಅಷ್ಟು ಹೋಗಲಿ. ಉಳಿದ ತೆಳು ಪಸೆ ಮಗುವಿಗೆ ಒಳ್ಳೆಯದೇ.

ಕೆಲವನ್ನು ಮಾತ್ರ ಬಿಟ್ಟುಬಿಡಿ ಅಂತ ಕೈಮುಗಿದು ಕೇಳುತ್ತೇನೆ. ಮೂಗಿಗೆ, ಕಿವಿಗೆ ಎಣ್ಣೆ ಬಿಡಬೇಡಿ. ಮೂಗಿನ ಎಣ್ಣೆ ಶ್ವಾಸಕೋಶಕ್ಕಿಳಿದು ನ್ಯುಮೋನಿಯಾ ಆಗುತ್ತದೆ, ಆ ನ್ಯುಮೋನಿಯಾ ಬೇಗ ಬಗ್ಗುವುದಿಲ್ಲ. ಮೂಗಿಗೆ ಬಾಯಿಟ್ಟು ಊದುವುದೂ ಬೇಡ. ಹುಟ್ಟಿದ ಮಗುವಿನ ಎದೆ ಉಬ್ಬಿ ಹಾಲಿನಂಥದ್ದು ಒಸರುವುದುಂಟು. ಅದು ತಾಯಿಯಿಂದ ಬಂದ ಹಾರ್ಮೋನಿನ ಪ್ರಭಾವ, ತಾನೇ ಇಳಿಯುತ್ತದೆ. ಹಿಂಡಿದರೆ ಬಾವು ಬಂದು ಕೀವಾಗುತ್ತದೆ. ತಲೆ ದುಂಡಗಾಗಲಿ, ಮೂಗು ನೇರವಾಗಲಿ ಅಂತ ಒತ್ತುವುದೂ ಬೇಡ. ನೀರಿನ ಬಿಸಿಯನ್ನು ನಿಮ್ಮ ಅಂಗೈಯಿಂದ ಅಳೆಯಬೇಡಿ ಅಮ್ಮಾ. ಇಷ್ಟು ವರ್ಷ ಒಲೆ ಮುಂದೆ ದುಡಿದ ಕೈ ಅದು, ಅದಕ್ಕೆ ಹಿತ ಅನ್ನಿಸಿದ ನೀರು ಕೂಸಿಗೆ ಸುಡುತ್ತದೆ. ಮೊಣಕೈ ಅದ್ದಿ ನೋಡಿ.

ನೆತ್ತಿಗೆ ಹರಳೆಣ್ಣೆ ಹಾಕುತ್ತೀರಾ ಅಂತ ನೀವು ಬರೆದಿಲ್ಲ, ಆದರೂ ಹೇಳುತ್ತೇನೆ. ನೆತ್ತಿಯ ಮೇಲೆ ಹಳದಿ ಹೊಟ್ಟು ಕಟ್ಟಿದ್ದರೆ ಸ್ವಲ್ಪ ಎಣ್ಣೆ ಸವರಿ, ಮೆತ್ತಗಾದ ಮೇಲೆ ಮೃದುವಾದ ಬಾಚಣಿಗೆ ಆಡಿಸಿ ತೊಳೆದುಬಿಡಿ. ಉಗುರಿನಲ್ಲಿ ಕೆರೆದು ಕೀಳಬೇಡಿ.

ಪ್ರಶ್ನೆ: ನಮ್ಮ ಮಗನಿಗೆ ಒಂಬತ್ತು ದಿನ. ಸಿಸೇರಿಯನ್ ಆಗಿದೆ, ಹಿರಿಯರು ಯಾರೂ ಜೊತೆಗಿಲ್ಲ. ಸ್ನಾನ ಮಾಡಿಸಬೇಕಾದವನು ನಾನೇ. ಹೊಕ್ಕುಳು ಇನ್ನೂ ಬಿದ್ದಿಲ್ಲ. ನಮ್ಮದು ಸೋಲಾರ್ ನೀರು. ಕೈ ನಡುಗುತ್ತೆ ಮೇಡಂ.
— ಒಬ್ಬ ತಂದೆ, ವೈಟ್‌ಫೀಲ್ಡ್

ಉತ್ತರ: ಮಗುವನ್ನು ಎತ್ತಿಕೊಳ್ಳಲು ಬರುತ್ತೆ ಅಲ್ವಾ? ಹಾಗಿದ್ದರೆ ಸ್ನಾನವೂ ಬರುತ್ತದೆ.

ಅವಸರ ಏನೂ ಇಲ್ಲ. ಹುಟ್ಟಿದ ಮಗುವಿಗೆ ಮೊದಲ 24 ಗಂಟೆ ಸ್ನಾನವೇ ಬೇಡ ಅನ್ನುತ್ತದೆ ವಿಶ್ವ ಆರೋಗ್ಯ ಸಂಸ್ಥೆ. ಮೈ ತಣ್ಣಗಾಗಬಾರದು, ಮೈಮೇಲಿನ ಬೆಣ್ಣೆಯಂಥ ಬಿಳಿ ಪದರ ಚರ್ಮವನ್ನು ಕಾಯುತ್ತದೆ ಅನ್ನುವುದಕ್ಕೆ. ಹೊಕ್ಕುಳಬಳ್ಳಿ ಸಾಮಾನ್ಯವಾಗಿ ಎರಡು ವಾರದ ಒಳಗೆ ಬೀಳುತ್ತದೆ. ಅಲ್ಲಿಯವರೆಗೆ ಒದ್ದೆ ಬಟ್ಟೆಯಲ್ಲಿ ಮೈ ಒರೆಸಿದರೆ ಸಾಕು. ಹೊಕ್ಕುಳಿಗೆ ಎಣ್ಣೆ, ಅರಿಶಿನ, ಪೌಡರ್ ಏನೂ ಹಾಕಬೇಡಿ. ಒಣಗಿರಲಿ, ಡೈಪರನ್ನು ಅದರ ಕೆಳಗೆ ಮಡಚಿ ಕಟ್ಟಿ. ಸುತ್ತಲಿನ ಚರ್ಮ ಕೆಂಪಗಾಗಿ ಊದಿದರೆ, ಕೆಟ್ಟ ವಾಸನೆಯ ಕೀವು ಬಂದರೆ ಅವತ್ತೇ ಡಾಕ್ಟರಿಗೆ ತೋರಿಸಿ.

ಸೋಲಾರ್ ಬಗ್ಗೆ ನೀವು ಬರೆದದ್ದು ಒಳ್ಳೆಯದಾಯಿತು. ಬೆಂಗಳೂರಿನ ಎಷ್ಟೋ ಮನೆಗಳಲ್ಲಿ ಅದೇ ಇದೆ, ಅದರ ಗುಣ ಮಾತ್ರ ಹೊಸಬರಿಗೆ ಗೊತ್ತಿರುವುದಿಲ್ಲ. ನಲ್ಲಿ ತಿರುಗಿಸಿದಾಗ ಮೊದಲು ಬರುವುದು ಪೈಪಿನಲ್ಲಿ ನಿಂತಿದ್ದ ತಣ್ಣೀರು. ಬೆಚ್ಚಗಾಯಿತು ಅಂದುಕೊಳ್ಳುವಷ್ಟರಲ್ಲಿ ಟ್ಯಾಂಕಿನ ಕಾದ ನೀರು ಸುರಿಯುತ್ತದೆ. ಬಿಸಿಲು ಜೋರಿದ್ದ ದಿನ ಅದು 60 ಡಿಗ್ರಿ ದಾಟಿರಬಹುದು, ಆ ನೀರು ಎಳೇ ಚರ್ಮವನ್ನು ಸುಡಲು ಕೆಲವೇ ಸೆಕೆಂಡು ಸಾಕು. ಹಾಗಾಗಿ ಹರಿಯುವ ನಲ್ಲಿಯ ಕೆಳಗೆ ಮಗುವನ್ನು ಯಾವತ್ತೂ ಹಿಡಿಯಬೇಡಿ. ಮಗು ಹಾಸಿಗೆಯಲ್ಲೇ ಇರಲಿ. ಮೊದಲು ಬಕೆಟ್ಟಿಗೆ ತಣ್ಣೀರು ಹಿಡಿಯಿರಿ, ಆಮೇಲೆ ಬಿಸಿ ಬೆರೆಸಿ, ನಲ್ಲಿ ನಿಲ್ಲಿಸಿ, ಕೈ ಆಡಿಸಿ, ಮೊಣಕೈ ಅದ್ದಿ. ಬಿಸಿಯೂ ಅಲ್ಲ ತಣ್ಣಗೂ ಅಲ್ಲ ಅನ್ನಿಸಿದರೆ ಸರಿ. ಥರ್ಮಾಮೀಟರ್ ಇದ್ದರೆ 37, 38 ತೋರಿಸಬೇಕು. ಗೀಸರ್ ಇದ್ದವರಿಗೂ ಇದೇ ಕ್ರಮ.

ಫ್ಯಾನ್ ಆರಿಸಿ, ಕಿಟಕಿ ಮುಚ್ಚಿ. ಟವೆಲ್, ಬಟ್ಟೆ, ಡೈಪರ್ ಕೈಗೆಟಕುವಲ್ಲಿ ಇರಲಿ, ಅರ್ಧದಲ್ಲಿ ಎದ್ದು ಹೋಗುವ ಹಾಗಾಗಬಾರದು. ಫೋನ್ ಬಡಿದುಕೊಂಡರೆ ಬಡಿದುಕೊಳ್ಳಲಿ. ಮೊದಲು ಕಣ್ಣು. ಒದ್ದೆ ಹತ್ತಿಯಿಂದ ಮೂಗಿನ ಕಡೆಯಿಂದ ಹೊರಗೆ, ಒಂದೊಂದು ಕಣ್ಣಿಗೂ ಬೇರೆ ಬೇರೆ ಹತ್ತಿ. ಆಮೇಲೆ ಮುಖ, ಕತ್ತಿನ ಮಡಿಕೆ, ಕಂಕುಳು, ಕೈ. ಕೊನೆಗೆ ತೊಡೆಸಂದಿ ಮತ್ತು ಹಿಂಭಾಗ. ಒರೆಸದ ಭಾಗವನ್ನು ಬಟ್ಟೆಯಿಂದ ಹೊದಿಸಿಡಿ. ನೀರಿಗೆ ಆಂಟಿಸೆಪ್ಟಿಕ್ ಹನಿ ಬೇಡ. ಅಳುತ್ತಾನೆ, ಅಳಲಿ. ನಿಮ್ಮ ದನಿ ಅವನಿಗೆ ಗೊತ್ತು, ಮಾತಾಡುತ್ತಾ ಮಾಡಿ.

ಮೈಮೇಲೆ ಕೆಂಪು ಮಚ್ಚೆಯ ನಡುವೆ ಸಣ್ಣ ಬಿಳಿ ಗುಳ್ಳೆ ಕಂಡು ಹೆದರಿದ್ದೀರಿ ಅಂತ ಕೊನೆಯಲ್ಲಿ ಬರೆದಿದ್ದೀರಿ. ಮಗು ಚೆನ್ನಾಗಿ ಹಾಲು ಕುಡಿಯುತ್ತಾ, ಜ್ವರವಿಲ್ಲದೆ ಇದ್ದರೆ ಅದು ಬಹುಶಃ ಹಸುಗೂಸುಗಳಿಗೆ ಮೊದಲ ದಿನಗಳಲ್ಲಿ ಬಂದು ಹೋಗುವ ಗುಳ್ಳೆ. ಔಷಧಿ ಬೇಡ. ಆದರೂ ಈ ವಾರದ ತಪಾಸಣೆಗೆ ಹೋದಾಗ ಒಮ್ಮೆ ತೋರಿಸಿ. ಗುಳ್ಳೆ ದೊಡ್ಡದಾಗಿ ಕೀವು ತುಂಬಿದರೆ ತಪಾಸಣೆಯ ದಿನಕ್ಕೆ ಕಾಯಬೇಡಿ.

ಪ್ರಶ್ನೆ: ಸ್ನಾನ ಆದ ಮೇಲೆ ಸಾಂಬ್ರಾಣಿ ಹೊಗೆ ಹಾಕಬಹುದೇ?
— ಒಬ್ಬ ತಾಯಿ, ವಿಜಯನಗರ

ಉತ್ತರ: ಬೇಡ. ಯಾವ ಹೊಗೆಯೂ ಎಳೇ ಶ್ವಾಸನಾಳಕ್ಕೆ ಕಿರಿಕಿರಿಯೇ. ಕೆಂಡದ ಪಾತ್ರೆ ಬಳಿ ಮಗುವನ್ನು ಹಿಡಿಯುವುದು ಇನ್ನೂ ಅಪಾಯ. ತಲೆ ಒಣಗಿಸಲು ಮೆತ್ತನೆ ಬಟ್ಟೆ ಸಾಕು. ಮನೆಯ ಸಂಪ್ರದಾಯ ಬಿಡಲಾಗದಿದ್ದರೆ ದೇವರ ಕೋಣೆಯಲ್ಲಿ ಹಾಕಿ, ಹೊಗೆ ಪೂರ್ತಿ ಹೋದ ಮೇಲೆ ಮಗುವನ್ನು ಕರೆದೊಯ್ಯಿರಿ.

ಪ್ರಶ್ನೆ: ಮಗುವಿಗೆ ನಾಲ್ಕು ತಿಂಗಳು. ದಿನಾ ಸ್ನಾನ ಬೇಕೇ? ವಾರಕ್ಕೆ ಮೂರು ಸಲ ಸಾಕು ಅಂತ ಅಕ್ಕ ಹೇಳ್ತಾಳೆ, ಅಮ್ಮ ಒಪ್ಪಲ್ಲ.
— ಒಬ್ಬ ತಾಯಿ, ಜಯನಗರ

ಉತ್ತರ: ಚರ್ಮದ ದೃಷ್ಟಿಯಿಂದ ನಿಮ್ಮ ಅಕ್ಕ ಹೇಳಿದ್ದು ಸರಿ. ತೆವಳದ, ಮಣ್ಣಿಗಿಳಿಯದ ಮಗು ಎಲ್ಲಿ ಕೊಳೆಯಾಗುತ್ತದೆ ಹೇಳಿ? ಮುಖ, ಕತ್ತು, ಕೈ, ಡೈಪರ್ ಜಾಗ ದಿನಾ ಶುಚಿಯಾದರೆ ಸಾಕು. ಆದರೆ ದಿನಾ ಎರೆದರೆ ಮಗು ಚೆನ್ನಾಗಿ ನಿದ್ದೆ ಮಾಡುತ್ತೆ, ಅಮ್ಮನಿಗೂ ಸಮಾಧಾನ ಅನ್ನುವುದಾದರೆ ದಿನಾ ಎರೆಯಿರಿ. ಬರೀ ನೀರು, ಐದು ನಿಮಿಷ ಮೀರದಿದ್ದರೆ ತೊಂದರೆ ಇಲ್ಲ. ಸೋಪು ಬೇಕೆನ್ನಿಸಿದರೆ ವಾರಕ್ಕೆರಡು ಸಲ, ಅದೂ ಕಂಕುಳು ಮತ್ತು ಡೈಪರ್ ಜಾಗಕ್ಕೆ ಮಾತ್ರ.

ಡಿಸೆಂಬರ್, ಜನವರಿಯಲ್ಲಿ ನಮ್ಮೂರಿನ ಗಾಳಿ ಒಣಗಿರುತ್ತದೆ, ಬೆಳಿಗ್ಗೆ ಚಳಿಯೂ ಇರುತ್ತದೆ. ಆಗ ಬೆಳಗಾಗುತ್ತಲೇ ಎರೆಯುವುದು ಬೇಡ, ಬಿಸಿಲು ಏರಿದ ಮೇಲೆ ಹನ್ನೊಂದರ ಹೊತ್ತಿಗೆ ಆಗಲಿ. ದಿನ ಬಿಟ್ಟು ದಿನ ಮಾಡಿದರೂ ನಡೆಯುತ್ತದೆ. ಎಕ್ಸಿಮಾ ಬರಬಾರದು ಅಂತ ಚೆನ್ನಾಗಿರುವ ಮಗುವಿಗೂ ವರ್ಷವಿಡೀ ಕ್ರೀಮು ಬಳಿಯುವವರಿದ್ದಾರೆ. ಬ್ರಿಟನ್ನಿನ ದೊಡ್ಡ ಅಧ್ಯಯನವೊಂದು ಅದರಿಂದ ಎಕ್ಸಿಮಾ ತಪ್ಪುವುದಿಲ್ಲ ಅಂತ 2020ರಲ್ಲಿ ತೋರಿಸಿತು. ಒಣಗಿದ ಕಡೆ ಮಾತ್ರ ಹಚ್ಚಿ.